ಅರ್ಕಾವತಿಯ ದಾರಿಯಲ್ಲಿ ನಾಲ್ಕು ದಿನ

ಕಳೆದ ಬೇಸಿಗೆಯ ರಜೆಯಲ್ಲಿ ಮಾಗಡಿ, ಕನಕಪುರ, ಚನ್ನಪಟ್ಟಣಗಳ ಬಂಧುಗಳನ್ನು ಕಂಡುಬರಲೆಂದು ರಾಮನಗರದ ಮನೆಗೆ ಬೀಗ ಹಾಕುವಾಗ ಮೊಮ್ಮಗನು ಬಾಗಿಲಲ್ಲಿಯೇ ನಿಂತುಬಿಟ್ಟನು. "ತಾತ, ಮೀನುಗಳಿಗೆ ಊಟ ಯಾರು ಹಾಕ್ತಾರೆ?"

ಅವನ ಅಳುಕಿಗೆ ಕಾರಣವಿತ್ತು. ಅದರ ಹಿಂದಿನ ವರ್ಷ ನೆರೆಯವರಿಗೆ ಆಹಾರದ ಡಬ್ಬಿಯನ್ನೇ ಒಪ್ಪಿಸಿ ಹೋಗಿದ್ದೆವು. ಅವರು ಮಮತೆಯಿಂದ ಮೂರು ಹೊತ್ತೂ ಧಾರಾಳವಾಗಿ ಹಾಕಿದರು. ನಾವು ಮರಳಿದಾಗ ನೀರು ಹಾಲಿನಂತೆ ಬೆಳ್ಳಗಾಗಿ, ಐದು ಗೋಲ್ಡ್‌ಫಿಶ್‌ಗಳಲ್ಲಿ ಮೂರು ತೇಲುತ್ತಿದ್ದವು. ಅವು ಹಸಿವಿನಿಂದ ಸತ್ತವಲ್ಲ. ತಿಂದುಳಿದದ್ದು ಕೊಳೆತು, ನೀರಿನಲ್ಲಿ ಅಮೋನಿಯಾ ಹೆಚ್ಚಿ ಸತ್ತವು. ಅಳತೆ ಹೇಳದೆ ಹೋದ ತಪ್ಪು ನಮ್ಮದೇ.

ಮೀನು ಶೀತರಕ್ತದ ಜೀವಿ. ಮೈ ಬಿಸಿಯಾಗಿಟ್ಟುಕೊಳ್ಳಲು ಅದಕ್ಕೆ ನಮ್ಮಂತೆ ಅನ್ನ ಬೇಡ. ಆರೋಗ್ಯವಾಗಿ ಬೆಳೆದ ಮೀನು ನಾಲ್ಕಾರು ದಿನ ಉಪವಾಸವಿದ್ದರೂ ಬಾಧೆಯಿಲ್ಲ. ಮರಿಗಳಿಗೆ ಮಾತ್ರ ಈ ಮಾತು ಸಲ್ಲದು. ಆದುದರಿಂದ ಈ ಸಲ ಹಿಂದಿನ ದಿನವೇ ತೊಟ್ಟಿಯ ಕಾಲುಭಾಗ ನೀರನ್ನು ತೆಗೆದು, ಒಂದು ದಿನ ತೆರೆದಿಟ್ಟಿದ್ದ ನೀರನ್ನು ತುಂಬಿ, ಗಾಳಿಯ ಪಂಪನ್ನು ಚಾಲೂ ಬಿಟ್ಟೆವು. ನೆರೆಯವರ ಕೈಗೆ ಕೊಟ್ಟದ್ದು ಒಂದೇ ಚಿಟಿಕೆಯ ಪೊಟ್ಟಣ, ಮೂರನೆಯ ದಿನಕ್ಕೆಂದು.

ಮಾಗಡಿಯಲ್ಲಿ ಒಂದು ರಾತ್ರಿ ತಂಗಿ ಕನಕಪುರದ ಕಡೆಯ ಹಳ್ಳಿಗೆ ಬಂದೆವು. ಬಂಧುಗಳ ಮನೆಯಲ್ಲಿ ರೇಷ್ಮೆಹುಳುಗಳು ನಾಲ್ಕನೆಯ ಜ್ವರ ಕಳೆದು ಎದ್ದಿದ್ದವು. ಅವು ಸೊಪ್ಪು ಮೇಯುವ ಸದ್ದು ಸೋನೆಮಳೆಯಂತೆ. ಜೀವಮಾನದಲ್ಲಿ ತಿನ್ನುವ ಸೊಪ್ಪಿನ ಬಹುಪಾಲನ್ನು ಹುಳು ತಿನ್ನುವುದು ಈ ಹಂತದಲ್ಲಿಯೇ. ಮುಂದೆ ಚಿಟ್ಟೆಯಾದ ಮೇಲೆ ಅದು ಏನನ್ನೂ ತಿನ್ನುವುದಿಲ್ಲ. "ಸಂಗಮಕ್ಕೆ ನೀವೂ ಬನ್ನಿರಮ್ಮ" ಎಂದುದಕ್ಕೆ ಮನೆಯಾಕೆ ನಕ್ಕರು. "ಹುಳ ಹಣ್ಣಾಗಿ ಚಂದ್ರಿಕೆ ಹತ್ತೋವರೆಗೂ ನಮಗೆಲ್ಲಿಯ ಪ್ರವಾಸ, ಅಣ್ಣಾ?" ಮೊಮ್ಮಗನ ಮುಖ ಮತ್ತೆ ಬಾಡಿತು. ಹುಳುವಿನ ಧರ್ಮ ಬೇರೆ, ಮೀನಿನ ಧರ್ಮ ಬೇರೆ ಎಂದು ತಿಳಿಸಿಹೇಳಲು ಸಂಗಮದವರೆಗಿನ ದಾರಿಯೆಲ್ಲ ಬೇಕಾಯಿತು.

ಮಾಗಡಿ ಸೀಮೆಯ ಮಂಚನಬೆಲೆ ಜಲಾಶಯವನ್ನು ದಾಟಿ, ರಾಮನಗರ, ಕನಕಪುರಗಳನ್ನು ಹಾಯ್ದು ಬರುವ ನಮ್ಮ ಅರ್ಕಾವತಿ ಕಾವೇರಿಯನ್ನು ಕೂಡುವುದು ಸಂಗಮದಲ್ಲಿ. ನಡುವೆ ವೃಷಭಾವತಿಯು ಬೆಂಗಳೂರಿನ ಕೊಳಚೆಯನ್ನು ಹೊತ್ತು ಇದನ್ನು ಸೇರುತ್ತದೆ. ನಮ್ಮ ತೊಟ್ಟಿಯಲ್ಲಿ ಆದದ್ದೇ ಇಲ್ಲಿ ನದಿಯ ಅಳತೆಯಲ್ಲಿ ಆಗುತ್ತಿದೆ. ಈ ಕಾವೇರಿಯ ಗೂನುಬೆನ್ನಿನ ಮಹಶೀರ್ ಮೀನನ್ನು ಹಿಂದೆ ಗಾಳದವರು ರಾಗಿಹಿಟ್ಟಿನ ಉಂಡೆ ತೋರಿಸಿ ಹಿಡಿಯುತ್ತಿದ್ದರು; 2018ರಲ್ಲಿ ಅದು ಅಳಿವಿನ ಅಂಚಿನ ಜೀವಿಗಳ ಜಾಗತಿಕ ಪಟ್ಟಿಯನ್ನು ಸೇರಿತು. ದಡದಲ್ಲಿ ಯಾರೋ ಪುರಿಯನ್ನು ಪ್ಲಾಸ್ಟಿಕ್ ಚೀಲದ ಸಮೇತ ನೀರಿಗೆಸೆದರು. ಚೀಲವನ್ನು ಎತ್ತಿ ತಂದವನು ನಮ್ಮ ಹುಡುಗನೇ.

ಚನ್ನಪಟ್ಟಣದಲ್ಲಿ ಅರಗಿನ ಬಣ್ಣದ ಮರದ ಮೀನೊಂದನ್ನು ಕೊಂಡನು. ಮನೆ ತಲುಪಿದಾಗ ನೀರು ತಿಳಿಯಾಗಿತ್ತು. ಎರಡು ಮೀನುಗಳೂ ಗಾಜಿನ ಬಳಿ ಬಂದು ಬಾಯಾಡಿಸಿದವು. ಹುಡುಗನು ಡಬ್ಬಿಯ ಮುಚ್ಚಳ ತೆರೆದು, ನನ್ನ ಮುಖ ನೋಡಿ, ಎರಡು ಬೆರಳಿಗೆ ಬಂದಷ್ಟನ್ನೇ ಹಾಕಿದನು.