ಕಾಯಿ ಕೀಳುವ ಮುನ್ನ

ಕಣ್ಣು ಮುಚ್ಚಿಕೊಳ್ಳಿ. ಇನ್ನು ತೆರೆಯುವ ಹಾಗಿಲ್ಲ.

ನೀವೀಗ ಪೋತ್ನಾಳದ ಹುಡುಗ. ಹುಟ್ಟಿನಿಂದಲೇ ದೃಷ್ಟಿಯಿಲ್ಲ. ನಸುಕಿನ ಬಸ್ಸು ಹತ್ತಿ, ಮಾನ್ವಿ ದಾಟಿ, ರಾಯಚೂರಿಗೆ ಬಂದಿಳಿದಿದ್ದೀರಿ. ಕೂತಿರುವುದು ಒಂದು ಕಲ್ಯಾಣ ಮಂಟಪದಲ್ಲಿ. ನಿನ್ನೆ ರಾತ್ರಿಯ ಮದುವೆಯ ಒಗ್ಗರಣೆ, ಬಾಡಿದ ಮಲ್ಲಿಗೆ, ಈಗಷ್ಟೇ ಒರೆಸಿದ ಫಿನಾಯಿಲ್ ಮೂರೂ ಸೇರಿ ಮೂಗಿಗೆ ಅಡರುತ್ತಿವೆ. ತಲೆಯ ಮೇಲೆ ಫ್ಯಾನು ಕಟಕಟ ಅನ್ನುತ್ತಿದೆ. ಅಂಗಿ ಬೆನ್ನಿಗೆ ಅಂಟಿದೆ. ಸುತ್ತ ಎಷ್ಟೋ ಬೋರ್ಡುಗಳ ಮೇಲೆ ಕಾಯಿ ಇಡುವ ಸದ್ದು, ಗಡಿಯಾರದ ಗುಂಡಿ ಒತ್ತುವ ಸದ್ದು.

ಎದುರಿಗೆ ದೇವದುರ್ಗದ ನಿವೃತ್ತ ಮೇಷ್ಟ್ರು. ಅವರಿಗೆ ಕಣ್ಣು ಕಾಣುತ್ತದೆ, ಅವರ ಮುಂದೆ ಮಾಮೂಲಿ ಬೋರ್ಡಿದೆ. ನಿಮ್ಮ ಮುಂದೆ ನಿಮ್ಮದೇ ಬೇರೆ ಬೋರ್ಡು: ಪ್ರತಿ ಮನೆಗೂ ಒಂದು ತೂತು, ಪ್ರತಿ ಕಾಯಿಯ ಬುಡಕ್ಕೂ ಒಂದು ಮೊಳೆ. ಕಪ್ಪು ಮನೆಗಳು ಕೂದಲೆಳೆಯಷ್ಟು ಎತ್ತರ. ಕಪ್ಪು ಕಾಯಿಗಳ ನೆತ್ತಿಯ ಮೇಲೆ ಚೂಪು ಗುರುತು.

"ರೂಕ್, ಡೇವಿಡ್ ಏಟ್," ಎನ್ನುತ್ತಾರೆ ಮೇಷ್ಟ್ರು. ಬಾಯಲ್ಲಿ ಎಲೆ ಅಡಿಕೆ ಇದೆ, ಮಾತು ಸ್ವಲ್ಪ ತೊದಲು. ನೀವು ಅದನ್ನೇ ಗಟ್ಟಿಯಾಗಿ ಹೇಳಿ, ಅವರ ಆನೆಯನ್ನು ನಿಮ್ಮ ಬೋರ್ಡಿನ ಮೇಲೂ ಡಿ8ಕ್ಕೆ ಚುಚ್ಚುತ್ತೀರಿ. ಬಿ, ಡಿ, ಇ ಎಂದರೆ ಗದ್ದಲದಲ್ಲಿ ಒಂದಕ್ಕೊಂದು ಕಲೆಸಿಹೋಗುತ್ತವೆ. ಅದಕ್ಕೇ ಆನ್ನಾ, ಬೆಲ್ಲಾ, ಸೀಸರ್, ಡೇವಿಡ್, ಈವಾ, ಫೆಲಿಕ್ಸ್, ಗುಸ್ತಾವ್, ಹೆಕ್ಟರ್. ಜಗತ್ತಿನ ಯಾವ ಮೂಲೆಯಲ್ಲಿ ಕೂತರೂ ಇವೇ ಎಂಟು ಹೆಸರು.

ಎರಡೂ ಕೈ ಬೋರ್ಡಿನ ಮೇಲೆ ಹರಿದಾಡುತ್ತವೆ. ಮಂತ್ರಿಗಳಿಲ್ಲ, ಕುದುರೆ ಒಂಟೆ ಯಾವುದೂ ಇಲ್ಲ. ಉಳಿದದ್ದು ತಲಾ ಒಂದು ಆನೆ, ಆರಾರು ಕಾಲಾಳು, ರಾಜ. ನಿಮ್ಮ ಆನೆ ಇ1ರಲ್ಲಿ. ಬೆರಳು ಅದೇ ಸಾಲಿನಲ್ಲಿ ಮೇಲೇರುತ್ತದೆ: ಇ2 ಖಾಲಿ, ಇ3 ಖಾಲಿ, ಇ4 ಖಾಲಿ. ಇ5ರಲ್ಲಿ ಚೂಪು ನೆತ್ತಿಯ ಕಾಲಾಳು. ಅದರ ಸುತ್ತ ಸವರುತ್ತೀರಿ. ಕಾವಲಿಗೆ ಯಾರೂ ಇಲ್ಲ.

ಪುಕ್ಕಟೆ ಕಾಲಾಳು! ಎದೆ ಡವಗುಟ್ಟುತ್ತದೆ. ಕೈ ಮೊದಲೇ ಆನೆಯ ಹತ್ತಿರ ಹೋಗಿಬಿಟ್ಟಿದೆ.

ಇಲ್ಲೊಂದು ನಿಯಮ ನಿಮಗೆ ತಿಳಿದಿರಬೇಕು. ಕಣ್ಣಿರುವವರ ಆಟದಲ್ಲಿ ಕಾಯಿ ಮುಟ್ಟಿದರೆ ಆಡಲೇಬೇಕು. ನೀವು ಮುಟ್ಟದೆ ನೋಡುವುದು ಹೇಗೆ? ಆದ್ದರಿಂದ ಕಾಯಿ ತೂತಿನಿಂದ ಹೊರಬಂದಾಗ ಮಾತ್ರ ಅದು ಮುಟ್ಟಿದ ಲೆಕ್ಕ. ತಿಳಿಯುವುದಕ್ಕೂ ತೀರ್ಮಾನಕ್ಕೂ ನಡುವೆ ಇರುವುದು ಆ ಮೊಳೆಯ ಉದ್ದವೊಂದೇ.

ನೀವು ಆನೆಯ ಕತ್ತು ಹಿಡಿದಿದ್ದೀರಿ. ಎತ್ತುತ್ತಿದ್ದೀರಿ. ಮೊಳೆ ತೂತಿನ ಗೋಡೆಗೆ ಉಜ್ಜಿಕೊಂಡು ಮೇಲೇಳುತ್ತಿದೆ.

ಎಡಗೈ ಸುಮ್ಮನೆ ಕೂತಿಲ್ಲ. ಅಭ್ಯಾಸಬಲದಿಂದ ರಾಜನ ಸುತ್ತ ತಡವುತ್ತಿದೆ. ಎಫ್2ರಲ್ಲಿ ಕಾಲಾಳು, ಜಿ2ರಲ್ಲಿ ಕಾಲಾಳು, ಎಚ್2ರಲ್ಲೂ ಕಾಲಾಳು.

ಎಚ್2ರಲ್ಲೇ? ಅದನ್ನು ಒಂದು ಮನೆ ಮುಂದೆ ತಳ್ಳಿದ್ದಿರಲ್ಲ! ತಳ್ಳಿದ್ದು ಬೆಳಗಿನ ಆಟದಲ್ಲಿ. ಇದರಲ್ಲಲ್ಲ.

ಬೆವರು ತಣ್ಣಗಾಗುತ್ತದೆ. ಆನೆ ಇ5ಕ್ಕೆ ಹೋದರೆ ಮೇಷ್ಟ್ರ ಆನೆ ಡಿ1ಕ್ಕೆ ಬಂದು ಶಹ ಕೊಡುತ್ತದೆ. ರಾಜನಿಗೆ ಓಡಲು ಕಿಂಡಿಯಿಲ್ಲ. ನಿಮ್ಮ ಆನೆ ಇ1ಕ್ಕೆ ಮರಳಿ ಅಡ್ಡ ನಿಂತರೆ ಅದನ್ನೂ ಹೊಡೆದು ಅಲ್ಲೇ ಮಾತ್. ಆ ಕಾಲಾಳು ಗಾಳಕ್ಕೆ ಸಿಕ್ಕಿಸಿದ ಎರೆಹುಳು.

ಮೊಳೆ ಎದ್ದಿತೇ? ಇನ್ನೂ ಒಳಗಿದೆಯೇ? ಬೆರಳು ನಡುಗಿದರೆ ಸಾಕು, ಕಿತ್ತು ಬರುತ್ತದೆ. ಉಸಿರು ಬಿಗಿಹಿಡಿಯುತ್ತೀರಿ. ಒತ್ತುತ್ತೀರಿ. ಕಟ್. ಬುಡ ಮರಕ್ಕೆ ತಾಗಿತು. ಮೇಷ್ಟ್ರು ಏನೂ ಅನ್ನಲಿಲ್ಲ. ಎಲೆ ಅಡಿಕೆ ಜಗಿಯುವುದು ಮಾತ್ರ ಒಂದು ಗಳಿಗೆ ನಿಂತಿತ್ತು.

"ಹೆಕ್ಟರ್ ತ್ರೀ," ಅನ್ನುತ್ತೀರಿ. ನಿಮ್ಮ ದನಿ ನಿಮಗೇ ಗುರುತು ಹತ್ತುವುದಿಲ್ಲ.

ಇಂಥ ಬೋರ್ಡಿನ ಮೇಲೂ ಒಂದು ಇಡೀ ಆಟದ ಬಾಳು ನಡೆಯುತ್ತದೆ. ಅದಕ್ಕೆಂದೇ ಅಂತರರಾಷ್ಟ್ರೀಯ ಅಂಧರ ಚೆಸ್ ಸಂಸ್ಥೆಯಿದೆ. ಅಂಧರ ಮೊದಲ ಒಲಿಂಪಿಯಾಡ್ 1961ರಲ್ಲಿ ಜರ್ಮನಿಯ ಮೆಶೆಡೆಯಲ್ಲಿ ನಡೆಯಿತು. ನಮ್ಮ ಶಿವಮೊಗ್ಗದ ಕಿಶನ್ ಗಂಗೊಳ್ಳಿ ದೃಷ್ಟಿದೋಷವುಳ್ಳವರ ರಾಷ್ಟ್ರೀಯ ಪಟ್ಟವನ್ನು ಹಲವು ಸಲ ಗೆದ್ದವರು. 2023ರ ಅಕ್ಟೋಬರಿನಲ್ಲಿ ಹಾಂಗ್‌ಝೌನ ಏಷ್ಯನ್ ಪ್ಯಾರಾ ಕ್ರೀಡಾಕೂಟದಲ್ಲಿ ಆರ್ಯನ್ ಜೋಶಿ, ಸೋಮೇಂದರ್ ಜೊತೆ ತಂಡ ವಿಭಾಗದ ಕಂಚು ತಂದರು. ಪೂರ್ತಿ ದೃಷ್ಟಿಯಿಲ್ಲದವರ ವಿಭಾಗದಲ್ಲಿ ಅದೇ ಕೂಟದ ಚಿನ್ನ ದರ್ಪಣ್ ಇನಾನಿಯದು. ಇವರಿಗೂ ಎಲ್ಲರಿಗಿರುವ ರೇಟಿಂಗೇ, ಎಲ್ಲರಿಗಿರುವ ಬಿರುದುಗಳೇ. ಇಂಟರ್‌ನ್ಯಾಷನಲ್ ಮಾಸ್ಟರ್ ಆಗಲು 2400, ಗ್ರ್ಯಾಂಡ್‌ಮಾಸ್ಟರ್ ಆಗಲು 2500, ಜೊತೆಗೆ ಟೂರ್ನಿಗಳಲ್ಲಿ ಗಳಿಸಬೇಕಾದ ನಾರ್ಮ್ ಎಂಬ ಅರ್ಹತೆಗಳು. ಮೈಸೂರಿನ ತೇಜ್‌ಕುಮಾರ್ 2017ರಲ್ಲಿ ರಾಜ್ಯದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದಾಗ ಹತ್ತಿದ ಏಣಿಯೇ ನಿಮ್ಮದೂ. ಮೇಷ್ಟ್ರ ಜೊತೆ ಈ ಮಧ್ಯಾಹ್ನ ನೀವು ನಿಂತಿರುವುದು ಅದರ ತೀರ ಕೆಳಗಿನ ಮೆಟ್ಟಿಲ ಮೇಲೆ. ಪದಕದ ಫೋಟೋ ನೋಡಿ ಕನಿಕರಪಡುವವರಿಗೆ ಏಣಿ ಎಲ್ಲರಿಗೂ ಒಂದೇ ಎಂದು ಹೇಳಿ ಹೇಳಿ ಸಾಕಾಗಿದೆ.

"ಫೆಲಿಕ್ಸ್ ಸಿಕ್ಸ್." ಗಾಳ ಹಿಂದೆ ಹೋಯಿತು, ಇ5ಕ್ಕೆ ಕಾವಲು ಬಂತು.

ಇನ್ನು ರಾಜರ ನಡಿಗೆ. ನೀವು ಎಫ್1, ಅವರು ಎಫ್7. ನೀವು ಇ2, ಅವರು ಇ6. ಪ್ರತಿ ನಡೆಗೂ ಪಕ್ಕದ ದಪ್ಪ ಕಾಗದದ ಮೇಲೆ ಬ್ರೈಲ್ ಚುಚ್ಚುತ್ತೀರಿ, ಗಡಿಯಾರದ ಉಬ್ಬುಚುಕ್ಕೆಗಳ ಮೇಲೆ ಮುಳ್ಳು ಎಲ್ಲಿದೆ ಎಂದು ತಡವುತ್ತೀರಿ. ನಿಮ್ಮದು ಓಡುತ್ತಿದೆ.

"ತಮ್ಮಾ, ಡ್ರಾ ಮಾಡೂನೇನಪಾ?"

ಅರ್ಧ ಅಂಕ ಕೈಯಲ್ಲೇ ಇದೆ. ಸೊಂಟ ನೋಯುತ್ತಿದೆ, ಗಂಟಲು ಒಣಗಿದೆ. ಒಪ್ಪಿದರೆ ಸಂಜೆಯ ಬಸ್ಸಿಗೆ ಆರಾಮಾಗಿ ಹೋಗಬಹುದು. ನೀವು ಇನ್ನೊಮ್ಮೆ ಸವರುತ್ತೀರಿ. ಎಡಬದಿಯಲ್ಲಿ ನಿಮ್ಮ ಕಾಲಾಳು ಮೂರು, ಅವರದು ಎರಡು. ಆದರೆ ಅವರ ರಾಜ ನಿಮ್ಮವನಿಗಿಂತ ಮುಂದಿದ್ದಾನೆ. ಆನೆಗೆ ಆನೆ ಕೊಟ್ಟು ಬರೀ ಕಾಲಾಳುಗಳ ಆಟಕ್ಕಿಳಿದರೆ ಒಂದು ಹೆಜ್ಜೆ ತಪ್ಪಿದವರು ಸೋತಂತೆಯೇ. ಅಲ್ಲಿಂದ ಹಿಂದಿರುಗಲು ದಾರಿಯಿರುವುದಿಲ್ಲ.

"ಇಲ್ರೀ ಸರ್, ಆಡೂನ್ರೀ."

ಬಲಗೈ ಆನೆಯ ಕತ್ತು ಹಿಡಿಯುತ್ತದೆ. ಈ ಸಲ ಪೂರ್ತಿ ಕೀಳುತ್ತೀರಿ.

"ರೂಕ್, ಡೇವಿಡ್ ವನ್."