ನಿಂದನೆ ಕೇಸು

ನಮ್ಮ ಕೇರಿಯಲ್ಲಿ 'ನಿಂದನೆ ಕೇಸು' ಅಂದರೆ ಒಂದೇ ಅರ್ಥ: ಜಾತಿ ಹಿಡಿದು ಬೈದವನ ಮೇಲೆ ಹಾಕೋ ಕೇಸು. ಹಾಗಾಗಿ ತಹಸೀಲ್ದಾರರ ಮೇಲೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಿ ನಾವು ಊರಿಗೆ ಬಂದ ರಾತ್ರಿ ಅಜ್ಜಿ ಕೇಳಿದಳು, "ತಾಸಿಲ್ದಾರ ಏನಂತ ಬೈದ್ನಪ್ಪಾ?" ಬೈದಿಲ್ಲ ಕಣಜ್ಜಿ, ಕೋರ್ಟು ಹೇಳಿದ್ದ ಮಾಡಿಲ್ಲ ಅಂದೆವು. "ಅಂಗಾರೆ ಅವಮಾನ ಆಗಿರೋದು ಕೋರ್ಟಿಗೆ. ನಮಗೇನು ಸಿಕ್ತದೆ?" ಅಂದಳು. ಆಗ ನಕ್ಕೆವು.

ಜಮೀನಿನ ಕಥೆ ಹೊಸದೇನಲ್ಲ. ತಾತನಿಗೆ ದರಖಾಸ್ತಿನಲ್ಲಿ ಮಂಜೂರಾದ ಎರಡು ಎಕರೆ. ಮದುವೆ ಸಾಲಕ್ಕೆ ಮೇಲುಕೇರಿಯವರು ಹೆಬ್ಬೆಟ್ಟು ಒತ್ತಿಸಿಕೊಂಡರು. ಮಂಜೂರಾತಿ ಷರತ್ತು ಮುರಿದ ಇಂಥ ಕ್ರಯ ನಡೆಯದು, ಜಮೀನು ವಾರಸುದಾರರಿಗೆ ವಾಪಸು ಬರಬೇಕು ಅನ್ನುತ್ತದೆ 1978ರ ಪಿ.ಟಿ.ಸಿ.ಎಲ್. ಕಾಯ್ದೆ. ಎ.ಸಿ. ಆರ್ಡರು ನಮ್ಮ ಕಡೆ ಆಯಿತು. ಅವರು ಮೇಲೆ ಹೋಗಿ ಸೋತರು. ಮೂರು ತಿಂಗಳಲ್ಲಿ ಸ್ವಾಧೀನ ಕೊಡಿಸಿ ಎಂದು ಮೇಲಿನ ಕೋರ್ಟು ತಹಸೀಲ್ದಾರರಿಗೆ ಹೇಳಿತು. ಆ ಕಾಪಿಯನ್ನು ಅಂಬೇಡ್ಕರ್ ಫೋಟೋದ ಹಿಂದೆ ಸಿಕ್ಕಿಸಿಟ್ಟೆವು.

ಮೂರು ತಿಂಗಳು ಕಳೆಯಿತು. ಸರ್ವೇಯರ್ ಇಲ್ಲ, ಪೊಲೀಸ್ ಬಂದೋಬಸ್ತಿಲ್ಲ, ಎಲೆಕ್ಷನ್ ಡ್ಯೂಟಿ. ಮುಂದಿನ ವಾರ ಬನ್ನಿ. ಹೀಗೇ ಮತ್ತೆ ಹತ್ತು ತಿಂಗಳು ಸವೆದಾಗ ವಕೀಲರು ಗಾಬರಿಯಾದರು. ನ್ಯಾಯಾಂಗ ನಿಂದನೆಯ 1971ರ ಕಾಯ್ದೆಯ 20ನೇ ಕಲಮಿನಲ್ಲಿ ಒಂದೇ ವರ್ಷದ ವಾಯಿದೆ ಇದೆಯಂತೆ. ಮಂಜೂರಾದ ಜಮೀನು ಕೇಳಲು ತಡ ಮಾಡಿದಿರಿ ಅಂತ ನಮ್ಮವರನ್ನು ಕೋರ್ಟುಗಳು ವಾಪಸು ಕಳಿಸುತ್ತಲೇ ಬಂದಿವೆ. 2017ರಲ್ಲಿ ಸುಪ್ರೀಂ ಕೋರ್ಟೂ ಅದನ್ನೇ ಹೇಳಿತು. ಅದಕ್ಕೇ 2023ರಲ್ಲಿ ಕರ್ನಾಟಕ ಕಾಯ್ದೆ ತಿದ್ದಬೇಕಾಯಿತು. ಕಚೇರಿ ಮಾಡುವ ತಡವನ್ನು ಮಾತ್ರ ಯಾರೂ ಎಣಿಸುವುದಿಲ್ಲ.

ನೋಟೀಸು ಹೋದ ಹದಿನೈದು ದಿನಕ್ಕೆ ಜೀಪು ಬಂತು! ಇದನ್ನು ಮುಚ್ಚಿಡಬಾರದು, ಆ ಅರ್ಜಿಗೆ ಹೆದರಿಸುವ ಶಕ್ತಿ ಇದೆ. ಆದರೆ ಬಂದವರು ಹೊಲಕ್ಕೆ ಇಳಿಯಲಿಲ್ಲ. ಅರಳಿಕಟ್ಟೆ ಮೇಲೆ ಕೂತು ಮಹಜರು ಬರೆದರು, ಅವರ ಕಡೆಯ ಇಬ್ಬರಿಂದ ರುಜು ಹಾಕಿಸಿದರು, ಹೊರಟರು. ಹೊಲದಲ್ಲಿ ಅವರದೇ ರಾಗಿ ನಿಂತಿತ್ತು. ಅಷ್ಟರಲ್ಲಿ ಹಳೇ ಸಾಹೇಬರಿಗೆ ವರ್ಗ ಆಗಿತ್ತು. ಹೊಸಬರು ಅಫಿಡವಿಟ್ ಹಾಕಿದರು: ಸ್ವಾಧೀನ ಕೊಡಲಾಗಿದೆ, ವಿಳಂಬಕ್ಕೆ ಬೇಷರತ್ ಕ್ಷಮೆ. ಕೊಟ್ಟಿಲ್ಲ ಸ್ವಾಮಿ ಅಂದೆವು. ಕೊಟ್ಟರೋ ಇಲ್ಲವೋ ಅನ್ನುವ ತಕರಾರು ಇಲ್ಲಿ ವಿಚಾರಿಸುವಂಥದಲ್ಲ, ಬೇಕೆಂದೇ ಮಾಡಿದ ಅವಿಧೇಯತೆ ಕಾಣುವುದಿಲ್ಲ, ಬೇರೆ ದಾರಿ ನೋಡಿಕೊಳ್ಳಿ ಎಂದು ಕೋರ್ಟು ಅರ್ಜಿ ಮುಗಿಸಿತು. ಕ್ಷಮೆ ಕೇಳಿದ್ದು ಕೋರ್ಟನ್ನು. ಅಜ್ಜಿ ಹಿಂದಿನ ಬೆಂಚಿನಲ್ಲಿದ್ದಳು, ಅವಳ ಕಡೆ ಯಾರೂ ತಿರುಗಲಿಲ್ಲ.

ಆಮೇಲೆ ಕಾಯ್ದೆ ತರಿಸಿ ಓದಿದೆವು. ಶಿಕ್ಷೆ ಹೆಚ್ಚೆಂದರೆ ಆರು ತಿಂಗಳ ಸಾದಾ ಸಜೆ, 2000 ರೂಪಾಯಿ ದಂಡ. ಕೋರ್ಟಿಗೆ ಒಪ್ಪಿಗೆಯಾದರೆ ಕ್ಷಮೆ ಸಾಕು. ಇದು ಕೋರ್ಟಿಗೂ ಮಾತು ಮೀರಿದವನಿಗೂ ನಡುವಿನ ವ್ಯವಹಾರ. ನಾವು ಬರೀ ಸುದ್ದಿ ಮುಟ್ಟಿಸುವ ತೋಟಿಗಳು. ದೊಡ್ಡವರ ಕಥೆಯೂ ಇಷ್ಟೇ. 1992ರ ಜುಲೈನಲ್ಲಿ ಅಯೋಧ್ಯೆಯಲ್ಲಿ ಆಜ್ಞೆ ಮೀರಿ ಕಟ್ಟೆ ಕಟ್ಟಲು ಬಿಟ್ಟ ಮುಖ್ಯಮಂತ್ರಿ ಕಲ್ಯಾಣ್ ಸಿಂಗ್‌ಗೆ 1994ರಲ್ಲಿ ಒಂದು ದಿನದ ಸಜೆ, 2000 ದಂಡ. ಡಿಸೆಂಬರಿನಲ್ಲಿ ಮಸೀದಿಯೇ ಬಿತ್ತಲ್ಲ, ಆ ನಿಂದನೆ ಕೇಸನ್ನು 2022ರಲ್ಲಿ ಸುಮ್ಮನೆ ಮುಚ್ಚಿದರು. ನ್ಯಾಯಾಲಯಗಳು ಉಳ್ಳವರ ಪರ ಅಂದ ಇ.ಎಂ.ಎಸ್. ನಂಬೂದಿರಿಪಾಡರಿಗೂ ದಂಡ ಬಿದ್ದಿತ್ತು. 1970ರಲ್ಲಿ ಸುಪ್ರೀಂ ಕೋರ್ಟು ಅದನ್ನು 1000ದಿಂದ 50 ರೂಪಾಯಿಗೆ ಇಳಿಸಿತು, ತಪ್ಪನ್ನು ಮಾತ್ರ ಉಳಿಸಿಕೊಂಡಿತು. ಆಡಿದ ಮಾತನ್ನು ವಿಚಾರಿಸಲು ಹೊಲ ಅಳೆಯಬೇಕಿಲ್ಲ ನೋಡಿ.

ಹಾಗಂತ ಈ ಅರ್ಜಿಯೇ ಬೇಡ ಅನ್ನುತ್ತಿಲ್ಲ. ನಾವು ಎಡವಿದ್ದು ಮೊದಲ ಆರ್ಡರಿನಲ್ಲೇ. 'ಸ್ವಾಧೀನ ಕೊಡಿಸಿ' ಅನ್ನುವ ಎರಡು ಪದಕ್ಕೆ ಹಿಗ್ಗಿಬಿಟ್ಟೆವು. ಸರ್ವೆ ನಂಬರು, ಚೆಕ್‌ಬಂದಿ, ಪೊಲೀಸು, ನಮ್ಮೆದುರೇ ಅಳತೆ, ಫೋಟೋ, ಇಂಥ ತಾರೀಖಿಗೆ ಕೋರ್ಟಿಗೆ ವರದಿ, ಇಷ್ಟನ್ನೂ ಅಲ್ಲೇ ಬರೆಸಬೇಕಿತ್ತು. ಆರ್ಡರಿನಲ್ಲಿ ಇಲ್ಲದ್ದನ್ನು ನಿಂದನೆ ಅರ್ಜಿಯಲ್ಲಿ ಕೇಳಿದರೆ ಕೊಡುವುದಿಲ್ಲ. ಸ್ವಾಧೀನದ ದಿನ ಊರಿನ ಮೇಷ್ಟರೊಬ್ಬರು ಹೊಲದಲ್ಲಿ ನಿಂತಿದ್ದರೂ ಆ ಮಹಜರು ಹಾಗೆ ಹುಟ್ಟುತ್ತಿರಲಿಲ್ಲವೇನೋ.

ಈಗ ಹೊಸ ಅರ್ಜಿ ಹಾಕಿದ್ದೇವೆ, ಸ್ವಾಧೀನ ಆಗಿಲ್ಲ ಅಂತ ಸಾಬೀತು ಮಾಡೋಕೆ. ಪಹಣಿ ಅಜ್ಜಿ ಹೆಸರಿಗೆ ಬಂದಿದೆ. ಅವಳು ಬದುವಿನ ತನಕ ಹೋಗಿ ನಿಂತು ಬರುತ್ತಾಳೆ. ರಾಗಿ ತೆನೆ ಕಟ್ಟಿದೆ, ಕೊಯ್ಲು ಅವರದೇ.