ಕೇಳಿಸಿಕೊಳ್ಳುವವರ ಕಲೆ

ಕಥೆಯ ನಡುವಿನಲ್ಲಿರುವ ಪಾತ್ರಕ್ಕೆ ಒತ್ತಾಸೆಯಾಗಿ ನಿಂತು, ಅದರ ನೋವು ನಲಿವುಗಳು ನೋಡುಗರ ಮನಸ್ಸಿಗೆ ಮುಟ್ಟುವಂತೆ ಮಾಡುವವರನ್ನು ಕನ್ನಡದ ಕಿರುತೆರೆಯಲ್ಲಿ ‘ಪೋಷಕ ಕಲಾವಿದರು’ ಎಂದು ಕರೆಯುವುದು ರೂಢಿ. ಸಾಕಿ ಸಲಹುವವರು ಎಂಬ ಅರ್ಥವುಳ್ಳ ಈ ಮಾತು ಬಹು ಸೊಗಸಾದುದು. ಬಳಕೆಯಲ್ಲಿ ಮಾತ್ರ ಅದು ಎರಡನೆಯ ಸಾಲಿನವರು ಎಂಬಷ್ಟಕ್ಕೆ ಇಳಿದಿರುವುದು ವಿಷಾದದ ಸಂಗತಿ.

ಆ ಪದದ ಮೂಲಾರ್ಥಕ್ಕೆ ತಕ್ಕಂತೆ ದುಡಿದವರಲ್ಲಿ ವೈಶಾಲಿ ಕಾಸರವಳ್ಳಿ ಪ್ರಮುಖರು. ರಂಗಭೂಮಿಯಲ್ಲಿ ಪಳಗಿ ಬಂದ ಅವರು, ಆರ್.ಕೆ. ನಾರಾಯಣರ ಕಥೆಗಳನ್ನು ಆಧರಿಸಿ ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ, ದೂರದರ್ಶನದಲ್ಲಿ ಪ್ರಸಾರವಾದ ‘ಮಾಲ್ಗುಡಿ ಡೇಸ್’ ಧಾರಾವಾಹಿಯಲ್ಲಿ ಬಾಲಕ ಸ್ವಾಮಿಯ ತಾಯಿಯಾಗಿ ದೇಶದ ಮನೆಮನೆಗೆ ಪರಿಚಿತರಾದರು. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ತಂದೆಯಾಗಿ ಗಿರೀಶ ಕಾರ್ನಾಡರು ಇದ್ದ ಆ ಮನೆಯಲ್ಲಿ, ಗಂಡನ ಗದರಿಕೆಗೂ ಮಗನ ಅಂಜಿಕೆಗೂ ನಡುವೆ ಬದುಕುವ ಈ ತಾಯಿಗೆ ಮಾತಿಗಿಂತ ಕಣ್ಣಿನ ಕೆಲಸವೇ ಹೆಚ್ಚು. ಸಂಭಾಷಣೆ ಹಿಂದಿಯಲ್ಲಿದ್ದರೂ ಆಕೆಯ ನಿಲುವು, ನಡಿಗೆ, ಮೌನಗಳೆಲ್ಲ ಕನ್ನಡನಾಡಿನ ಹಳೆಯ ಮನೆಗಳ ಒಳಕೋಣೆಯಿಂದಲೇ ಎದ್ದು ಬಂದಂಥವು.

ಇಂಥ ಮಾತಿಲ್ಲದ ಅಭಿನಯ ಚಿತ್ರೀಕರಣದಲ್ಲಿ ಪದೇಪದೇ ಬೇಕಾಗುತ್ತದೆ. ಒಬ್ಬರ ಮಾತು ಕೇಳಿ ಇನ್ನೊಬ್ಬರ ಮುಖದಲ್ಲಿ ಮೂಡುವ ಭಾವವನ್ನಷ್ಟೇ ಹಿಡಿಯುವ ತುಣುಕಿಗೆ ‘ರಿಯಾಕ್ಷನ್ ಶಾಟ್’ ಎನ್ನುತ್ತಾರೆ. ಎಷ್ಟೋ ಸಲ ಆ ಮಾತನ್ನಾಡಿದ ನಟರು ತಮ್ಮ ಭಾಗ ಮುಗಿಸಿ ಹೊರಟುಹೋಗಿರುತ್ತಾರೆ. ಸಹಾಯಕ ನಿರ್ದೇಶಕರು ಕ್ಯಾಮೆರಾದ ಪಕ್ಕ ನಿಂತು ಏರಿಳಿತವಿಲ್ಲದ ದನಿಯಲ್ಲಿ ಸಾಲು ಓದುತ್ತಿದ್ದರೆ, ಪೋಷಕ ಪಾತ್ರಧಾರಿ ಅಲ್ಲಿಲ್ಲದ ಮಗನನ್ನು ಕಂಡಂತೆಯೇ ಮರುಗಬೇಕು. ಹಿಂದಿನ ತುಣುಕಿನಲ್ಲಿ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿತ್ತೋ ಇಳಿಬಿಟ್ಟಿತ್ತೋ, ಕಾಫಿಯ ಲೋಟ ಎಡಗೈಯಲ್ಲಿತ್ತೋ ಬಲಗೈಯಲ್ಲಿತ್ತೋ ಎಂಬುದನ್ನೂ ನೆನಪಿಡಬೇಕು. ತುಣುಕಿನಿಂದ ತುಣುಕಿಗೆ ಕಾಯ್ದುಕೊಳ್ಳುವ ಈ ಹೊಂದಿಕೆಗೆ ‘ಕಂಟಿನ್ಯುಟಿ’ ಎಂದು ಹೆಸರು. ರಂಗದ ಮೇಲೆ ಕಡೆಯ ಸಾಲಿಗೂ ಕೇಳಲೆಂದು ಎತ್ತಿ ರೂಢಿಯಾದ ದನಿಯನ್ನು, ಒಂದು ಮೊಳ ದೂರದ ಕ್ಯಾಮೆರಾದ ಮುಂದೆ ಉಸಿರಿನ ಮಟ್ಟಕ್ಕೆ ಇಳಿಸುವುದು ಇವೆಲ್ಲಕ್ಕಿಂತ ಕಷ್ಟ.

ಅಭಿನಯವಷ್ಟೇ ಅಲ್ಲ, ಉಡುಗೆ ಪಾತ್ರವನ್ನು ಹೇಗೆ ಕಟ್ಟುತ್ತದೆಂಬುದನ್ನೂ ವೈಶಾಲಿಯವರು ಚೆನ್ನಾಗಿ ಬಲ್ಲವರಾಗಿದ್ದರು. ‘ತಾಯಿ ಸಾಹೇಬ’ (1997) ಚಿತ್ರದ ವಸ್ತ್ರವಿನ್ಯಾಸಕ್ಕಾಗಿ ಅವರಿಗೆ ರಾಷ್ಟ್ರಪ್ರಶಸ್ತಿ ಸಂದಿತು.

ಖಾಸಗಿ ವಾಹಿನಿಗಳು ಬೆಳೆದಂತೆ, ವಾರದಲ್ಲಿ ಐದಾರು ದಿನ ವರ್ಷಗಟ್ಟಲೆ ಸಾಗುವ ‘ಮೆಗಾ ಧಾರಾವಾಹಿ’ಗಳು ಬಂದವು. ಅಲ್ಲಿ ಕಥೆಯ ಒಂದೊಂದು ಎಳೆಗೂ ‘ಟ್ರ್ಯಾಕ್’ ಎನ್ನುತ್ತಾರೆ. ತಮ್ಮ ಟ್ರ್ಯಾಕ್ ನಿಂತರೆ ಕರೆಯೂ ನಿಲ್ಲುವುದರಿಂದ, ಚಿತ್ರೀಕರಣದ ದಿನಗಳ ಲೆಕ್ಕದಲ್ಲಿ ಸಂಭಾವನೆ ಪಡೆಯುವ ಪೋಷಕ ಕಲಾವಿದರ ಬಾಳು ಬರಹಗಾರರ ಲೇಖನಿಯ ತುದಿಯಲ್ಲಿರುತ್ತದೆ. ಈ ಕಾಲದಲ್ಲಿಯೇ ವೈಶಾಲಿಯವರು ‘ಮೂಡಲ ಮನೆ’, ‘ಮುತ್ತಿನ ತೋರಣ’ ಧಾರಾವಾಹಿಗಳನ್ನು ನಿರ್ದೇಶಿಸಿದರು. 2010ರಲ್ಲಿ ಅವರು ತೀರಿಕೊಂಡರು. ಕನ್ನಡ ಕಿರುತೆರೆಯ ಚರಿತ್ರೆ ಬರೆಯುವವರು ಅವರ ನಿರ್ದೇಶನವನ್ನು ದಾಖಲಿಸುವಷ್ಟೇ ಎಚ್ಚರದಿಂದ ಸ್ವಾಮಿಯ ತಾಯಿಯ ಆ ಮೌನವನ್ನೂ ದಾಖಲಿಸಬೇಕು.